ಸತ್ತವರ ಮೆರವಣಿಗೆಗೆ ಎಂಟು ಸ್ಪೀಕರು: ಗಲೀಷಿಯಾದ ಇರುಳಿನ ಶಬ್ದಕಲೆ

ಸ್ಪೇನಿನ ವಾಯವ್ಯ ಮೂಲೆಯಲ್ಲಿರುವ ಗಲೀಷಿಯಾದಲ್ಲಿ ಸಾಂತಾ ಕೊಂಪಾನ್ಯಾದ ಕಥೆ ಕೇಳದೆ ಬೆಳೆದವರು ಕಡಿಮೆ. ನಡುರಾತ್ರಿ ಊರಿನ ಸತ್ತವರು ಎರಡು ಸಾಲಾಗಿ, ಕೈಯಲ್ಲಿ ಮೇಣದಬತ್ತಿ ಹಿಡಿದು ಊರದಾರಿಯಲ್ಲಿ ನಡೆಯುತ್ತಾರೆ. ಮುಂದಾಳು ಮಾತ್ರ ಬದುಕಿರುವ ಮನುಷ್ಯ. ಶಿಲುಬೆಯನ್ನೂ ನೀರಿನ ಪಾತ್ರೆಯನ್ನೂ ಹೊತ್ತು ದಿನಾ ರಾತ್ರಿ ನಡೆಯಬೇಕಾದ ಅವನಿಗೆ ಬೆಳಗಾದರೆ ಏನೂ ನೆನಪಿರುವುದಿಲ್ಲ. ದಿನದಿನಕ್ಕೆ ಬಿಳಿಚಿಕೊಂಡು ಸೊರಗುತ್ತಾನೆ. ಎದುರಿಗೆ ಸಿಕ್ಕ ಇನ್ನೊಬ್ಬರ ಕೈಗೆ ಶಿಲುಬೆ ದಾಟಿಸಿದರಷ್ಟೇ ಬಿಡುಗಡೆ. ಹಾಗೆ ಸಿಕ್ಕಿಬೀಳಬಾರದೆಂದರೆ ನೆಲದ ಮೇಲೆ ವೃತ್ತ ಬರೆದು ಅದರೊಳಗೆ ನಿಲ್ಲಬೇಕು, ಇಲ್ಲವೇ ಕೂಡುದಾರಿಯಲ್ಲಿ ನಿಂತಿರುವ ಕಲ್ಲುಶಿಲುಬೆಯ ಮೆಟ್ಟಿಲು ಹತ್ತಬೇಕು. ಆ ಕಲ್ಲುಶಿಲುಬೆಗೆ ಅಲ್ಲಿ ಕ್ರುಥೇಯ್ರೊ ಅನ್ನುತ್ತಾರೆ.

ಈ ಮೆರವಣಿಗೆಯನ್ನು ನಡೆಯುವ ಸ್ಪೀಕರುಗಳಿಂದ ಇರುಳಿನಲ್ಲಿ ಕೇಳಿಸುವ ಒಂದು ಶಬ್ದಕೃತಿಯನ್ನು ಹೇಗೆ ಕಟ್ಟುವುದು ಎಂಬುದೇ ಈ ಬರಹ. ಶಬ್ದದ ಕೆಲಸ ಮಾಡುವವರು ಈ ಕಥೆಯಲ್ಲಿ ಹಿಡಿಯಬೇಕಾದ ಎಳೆ ಬೇರೆಯೇ ಇದೆ. ಈ ಮೆರವಣಿಗೆ ಹೆಚ್ಚಿನವರ ಕಣ್ಣಿಗೆ ಬೀಳುವುದೇ ಇಲ್ಲ. ಮೊದಲು ಮೇಣದ ವಾಸನೆ ಬರುತ್ತದೆ, ತಣ್ಣನೆಯ ಗಾಳಿ ಬೀಸುತ್ತದೆ, ಎಲ್ಲೋ ಒಂದು ಪುಟ್ಟ ಗಂಟೆ ಕೇಳಿದಂತಾಗುತ್ತದೆ. ಕೇಳಿತೋ ಇಲ್ಲವೋ ಎಂಬ ಆ ಅನುಮಾನವೇ ಕಥೆಯ ಜೀವ. ಅದಕ್ಕೇ ಗಲೀಷಿಯಾದ ಹೆಸರಿನಲ್ಲಿ ಗುಹೆಯಷ್ಟು ರಿವರ್ಬ್ (ಅನುರಣನ), ಗೂಬೆಯ ಕೂಗು, ಎದೆ ನಡುಗಿಸುವ ಸಬ್‌ಬಾಸ್ ತುಂಬಿ ಮಾಡುವ ಕೃತಿಗಳನ್ನು ನಾನು ಒಪ್ಪುವುದಿಲ್ಲ. ಅವು ಸಿನಿಮಾದ ಭಯ. ಇಲ್ಲಿ ಬೇಕಾದದ್ದು ಕಿವಿಯ ಹೊಸ್ತಿಲಿನ ಮೇಲೆ ನಿಂತ ಸದ್ದು. ಇದೇ ಸಾಲಿನ ಇನ್ನೊಂದು ಎಚ್ಚರಿಕೆ: ಕೆಯ್ಮಾದಾ ಪಾನೀಯಕ್ಕೆ ಬೆಂಕಿ ಹಚ್ಚುವಾಗ ಹೇಳುವ ಮಾಟಗಾತಿಯರ ಮಂತ್ರವನ್ನು ಪ್ರಾಚೀನವೆಂದು ನಂಬಿ ಸ್ಯಾಂಪಲ್ ಮಾಡುವವರು, ಅಂದರೆ ಅದರ ತುಣುಕನ್ನು ಕೃತಿಗೆ ಸೇರಿಸುವವರು ಇದ್ದಾರೆ. ಅದು 1967ರಲ್ಲಿ ಬರೆದ ಪಠ್ಯ. ಹಳೆಯದು ಬೇಕಿದ್ದರೆ ಗಾಡಿಯ ಅಚ್ಚು, ಗಿರಣಿಯ ಮರ, ಕಲ್ಲುಸಂದಿಯ ಕಪ್ಪೆ ಇವುಗಳ ಹತ್ತಿರ ಹೋಗಬೇಕು.

ಮೊದಲು ರಾತ್ರಿಯ ಗಾಳಿಯ ವಿಷಯ. ಮೋಡವಿಲ್ಲದ, ಗಾಳಿಯಾಡದ ಇರುಳಿನಲ್ಲಿ ನೆಲ ಬೇಗ ತಣ್ಣಗಾಗಿ, ನೆಲಕ್ಕಂಟಿದ ಗಾಳಿ ತಂಪಾಗಿಯೂ ಮೇಲಿನ ಪದರ ಬೆಚ್ಚಗೂ ಇರುತ್ತದೆ. ಶಬ್ದ ಬೆಚ್ಚನೆಯ ಗಾಳಿಯಲ್ಲಿ ವೇಗವಾಗಿ ಓಡುತ್ತದೆ, ಪ್ರತಿ ಡಿಗ್ರಿಗೆ ಸೆಕೆಂಡಿಗೆ ಸುಮಾರು 0.6 ಮೀಟರ್ ಹೆಚ್ಚು. ಹಾಗಾಗಿ ಮೇಲಕ್ಕೆ ಹೊರಟ ಸದ್ದು ಬಾಗಿ ಮತ್ತೆ ನೆಲಕ್ಕೆ ಇಳಿಯುತ್ತದೆ. ಹಗಲು ಆಕಾಶಕ್ಕೆ ಹೋಗಿ ಕಳೆದುಹೋಗುವ ಪಕ್ಕದ ಕಣಿವೆಯ ಗಂಟೆ ಇರುಳಿನಲ್ಲಿ ಮಗ್ಗುಲಲ್ಲೇ ಬಾರಿಸಿದಂತೆ ಕೇಳುವುದು ಇದರಿಂದ. ತೇವದ ಪಾಲೂ ಇದೆ. ಒಣ ಗಾಳಿ ಎತ್ತರದ ಸ್ವರಗಳನ್ನು ಹೆಚ್ಚು ಹೀರಿಕೊಳ್ಳುತ್ತದೆ, ಒದ್ದೆ ಗಾಳಿ ಕಡಿಮೆ. ಗಲೀಷಿಯಾದ ರಾತ್ರಿಗಳು ಒದ್ದೆ. ಮೂಲ ಎಲ್ಲಿದೆ ಎಂದು ಗೊತ್ತಾಗದ ಗಂಟೆಯ ಸದ್ದಿಗೆ ಹೀಗೊಂದು ಭೌತಿಕ ಕಾರಣವಿದೆ. ಕೃತಿಯನ್ನು ಯಾವ ರಾತ್ರಿ ಆಡಬೇಕು ಎಂಬುದಕ್ಕೂ ಇದೇ ಉತ್ತರ. ಮೋಡ ಕವಿದ, ಗಾಳಿ ಬೀಸುವ ರಾತ್ರಿ ಈ ಬಾಗುವಿಕೆ ನಡೆಯುವುದಿಲ್ಲ. ಮಳೆಯಿಲ್ಲ ಅಂದಮಾತ್ರಕ್ಕೆ ಆ ರಾತ್ರಿ ಒಳ್ಳೆಯದು ಅಂದುಕೊಳ್ಳಬೇಡಿ. ನಕ್ಷತ್ರ ಕಾಣುತ್ತಿರಬೇಕು, ಎಲೆ ಅಲುಗಬಾರದು.

ಈಗ ಸದ್ದುಗಳ ಸಂಗ್ರಹ. ನನ್ನ ಮಟ್ಟಿಗೆ ಗಲೀಷಿಯಾದ ಇರುಳಿನ ಅತಿ ದೊಡ್ಡ ವಾದ್ಯ ಎತ್ತಿನ ಗಾಡಿ. ನಮ್ಮ ಕಡೆಯ ಗಾಡಿಯಲ್ಲಿ ಅಚ್ಚು ನಿಂತಿರುತ್ತದೆ, ಗಾಲಿ ತಿರುಗುತ್ತದೆ, ಕೀಲೆಣ್ಣೆ ಹಾಕಿ ಸದ್ದಡಗಿಸುತ್ತೇವೆ. ಅಲ್ಲಿನ ಹಳೆಯ ಕಾರ್ರೊದಲ್ಲಿ ಗಾಲಿಗಳನ್ನು ಅಚ್ಚಿಗೆ ಬಿಗಿದಿರುತ್ತಾರೆ. ಗಾಲಿಯ ಜೊತೆಗೆ ಮರದ ಅಚ್ಚೇ ತಿರುಗುತ್ತದೆ, ಗಾಡಿಯ ಚೌಕಟ್ಟಿನ ಕೆಳಗಿನ ತ್ರೆಯ್ತೊಯ್ರಾ ಎಂಬ ಮರದ ತುಂಡುಗಳಿಗೆ ಉಜ್ಜುತ್ತಾ ಕಿರುಚುತ್ತದೆ. ಅದನ್ನು ಅಲ್ಲಿನವರು ಗಾಡಿಯ ಹಾಡು ಅನ್ನುತ್ತಾರೆ, ಚೆನ್ನಾಗಿ ಹಾಡುವ ಗಾಡಿ ಅಂದರೆ ಹೆಮ್ಮೆ. ಎರಡು ಗಾಡಿ ಎದುರಾದರೆ ದಾಟಲಾಗದ ಕೊರ್ರೆದೊಯ್ರಾ, ಅಂದರೆ ಗಾಲಿ ಸವೆಸಿ ಸವೆಸಿ ತಗ್ಗಾದ ಓಣಿದಾರಿಗಳಲ್ಲಿ, ಆ ಹಾಡು ಎದುರಿನವರಿಗೆ ದೂರದಿಂದಲೇ ಸುದ್ದಿ ಮುಟ್ಟಿಸುತ್ತಿತ್ತು.

ಹಾಡುವ ಗಾಡಿ ಸಿಗುವುದು ಈಗ ಕಷ್ಟ. ಆದರೆ ಅದರ ತತ್ತ್ವವನ್ನು ಮೇಜಿನ ಮೇಲೆ ಕಟ್ಟಬಹುದು. 30 ಮಿಲಿಮೀಟರ್ ದಪ್ಪದ, ಒಂದೂವರೆ ಅಡಿ ಉದ್ದದ ಓಕ್ ಅಥವಾ ಬೀಚ್ ಮರದ ದುಂಡುಕೋಲು ತೆಗೆದುಕೊಳ್ಳಿ. ಅದು ಕೂರುವಂತೆ ಅರ್ಧವೃತ್ತ ಕೊರೆದ ಎರಡು ಮರದ ತುಂಡುಗಳು ಬೇಕು. ಇವನ್ನು 5 ಮಿಲಿಮೀಟರ್ ಪ್ಲೈವುಡ್ ಹಲಗೆಯ ಕೆಳಮೈಗೆ, ತೋಡು ಕೆಳಗೆ ಬರುವಂತೆ ಬಿಗಿಯಿರಿ. ಹಲಗೆ ಸುಮಾರು 30 ಗುಣಿಸು 40 ಸೆಂಟಿಮೀಟರ್ ಇರಲಿ. ಕೋಲನ್ನು ಎರಡು ತುದಿಯಲ್ಲಿ ಆಧಾರದ ಮೇಲಿಟ್ಟು, ಹಲಗೆಯನ್ನು ಅದರ ಮೇಲೆ ಕೂರಿಸಿ, ಮೇಲೆ 8ರಿಂದ 10 ಕಿಲೋ ಭಾರ ಹೇರಿ, ಕೋಲಿಗೆ ಹಿಡಿ ಸಿಕ್ಕಿಸಿ ನಿಧಾನಕ್ಕೆ ತಿರುಗಿಸಿ. ಭಾರವಿಲ್ಲದಿದ್ದರೆ ಹಾಡು ಬಾರದು, ಹಲಗೆಯಿಲ್ಲದಿದ್ದರೆ ಬಂದ ಹಾಡು ಕೇಳದು. ಉಜ್ಜುವ ಜಾಗಕ್ಕೆ ಪಿಟೀಲಿನ ಕಮಾನಿಗೆ ಹಚ್ಚುವ ರಾಳದ ಪುಡಿ ಉದುರಿಸಿದರೆ ಹಿಡಿತ ಹೆಚ್ಚುತ್ತದೆ. ಹಿಡಿಯುವುದು, ಜಾರುವುದು, ಮತ್ತೆ ಹಿಡಿಯುವುದು: ಕಿರುಚು ಹುಟ್ಟುವುದೇ ಈ ಆಟದಲ್ಲಿ, ಕಮಾನಿನ ಕೆಳಗೆ ತಂತಿ ಹಾಡುವುದೂ ಹೀಗೆಯೇ. ಕೆಲ ನಿಮಿಷಕ್ಕೆ ಸದ್ದು ತೆಳ್ಳಗಾಗಿ ಶಿಳ್ಳೆಯಂತಾದರೆ ಮರದ ಮೈ ಉಜ್ಜಿ ನುಣುಪಾಗಿದೆ ಎಂದರ್ಥ. 120 ನಂಬರಿನ ಮರಳು ಕಾಗದದಿಂದ ಒಮ್ಮೆ ತಿಕ್ಕಿ. ಕೈಯ ಜಿಡ್ಡು ತಗುಲಿದರೂ ಹಾಡು ಸತ್ತುಹೋಗುತ್ತದೆ. ಒದ್ದೆ ಮರ ಉಬ್ಬಿ ಬರೀ ಗೊರಗೊರ ಅನ್ನುತ್ತದೆ, ಅದೂ ಒಂದು ಬಣ್ಣವೇ, ಬೇಕೆನಿಸಿದರೆ ಇಟ್ಟುಕೊಳ್ಳಿ.

ಈ ಕಿರುಚನ್ನು ನಾಲ್ಕು ಪಟ್ಟು ನಿಧಾನಿಸಿದರೆ ಎರಡು ಸ್ಥಾಯಿ ಕೆಳಗಿಳಿದು ಮನುಷ್ಯರ ಗೋಳಿನ ಹತ್ತಿರಕ್ಕೆ ಬರುತ್ತದೆ. ಅದಕ್ಕಾಗಿ 96 ಕಿಲೋಹರ್ಟ್ಸ್‌ನಲ್ಲಿ ರೆಕಾರ್ಡ್ ಮಾಡಿಕೊಳ್ಳಿ. 48ರಲ್ಲಿ ಮಾಡಿದರೆ ಹಿಡಿಯುವುದು 24 ಕಿಲೋಹರ್ಟ್ಸ್‌ವರೆಗೆ ಮಾತ್ರ. ನಾಲ್ಕು ಪಟ್ಟು ನಿಧಾನಿಸಿದಾಗ 6ರ ಮೇಲೆ ಏನೂ ಉಳಿಯದೆ ಕಂಬಳಿ ಹೊದ್ದಂತೆ ಮಂಕಾಗುತ್ತದೆ.

ಎರಡನೆಯ ಮೂಲ ನೀರುಗಿರಣಿ, ಮುಯಿನ್ಯೊ. ತೊರೆಯ ಮೇಲೆ ಕಟ್ಟಿದ ಪುಟ್ಟ ಕಲ್ಲುಮನೆ. ಮೇಲೆ ಬೀಸುವ ಕಲ್ಲು. ಕೆಳಗಿನ ಕತ್ತಲ ಗೂಡಿನಲ್ಲಿ ಅಡ್ಡಲಾಗಿ ತಿರುಗುವ ನೀರಿನ ಚಕ್ರ. ಆ ಕೆಳಗೂಡಿನ ಹೆಸರೇ ಇನ್‌ಫೆರ್ನೊ, ನರಕ. ಗಿರಣಿಯ ಮೇಲೆ ಹಲವು ಮನೆಗಳ ಹಕ್ಕು ಇರುತ್ತಿದ್ದುದರಿಂದ ಸರದಿ ರಾತ್ರಿಗೂ ಬರುತ್ತಿತ್ತು. ಕಾಳಿನ ಡಬ್ಬಿಯಿಂದ ಇಳಿಬಿದ್ದ ತರಬೆಲಾ ಎಂಬ ಮರದ ತುಂಡು ತಿರುಗುವ ಕಲ್ಲಿನ ಮೇಲೆ ಕುಣಿಯುತ್ತಾ ಡಬ್ಬಿಯನ್ನು ಅಲುಗಿಸಿ ಕಾಳು ಉದುರಿಸುತ್ತದೆ. ಕಲ್ಲಿನ ಮೈ ಒಂದೇ ಸಮನಾಗಿಲ್ಲದ ಕಾರಣ ಆ ಟಕಟಕ ತಾಳ ತಪ್ಪಿಯೂ ತಪ್ಪದಂತೆ ಸಾಗುತ್ತದೆ. ಕಂಪ್ಯೂಟರಿನಲ್ಲಿ ತಾಳದ ಗ್ರಿಡ್ಡಿಗೆ ಕೂರಿಸಿ ಸರಿಮಾಡಿದರೆ ಅದರ ಪ್ರಾಣ ಹೋಯಿತು.

ಗಿರಣಿಯೊಳಗೆ ಸಾದಾ ಮೈಕು ಇಟ್ಟರೆ ನೀರಿನ ಭೋರ್ಗರೆತ ಎಲ್ಲವನ್ನೂ ನುಂಗುತ್ತದೆ. ಇಲ್ಲಿ ಮರದ ನಡುಕವನ್ನೇ ಹಿಡಿಯುವ ಕಾಂಟ್ಯಾಕ್ಟ್ ಮೈಕು ಬೇಕು: ನಡುಕವನ್ನು ವಿದ್ಯುತ್ತಾಗಿಸುವ 27 ಮಿಲಿಮೀಟರ್ ಪಿಯೆಜೊ ಬಿಲ್ಲೆಯನ್ನು ಡಬ್ಬಿಯ ಮರಕ್ಕೆ ಒತ್ತಿ ಹಿಡಿದರೆ ಸಾಕು. ಆದರೆ ಪಿಯೆಜೊವನ್ನು ನೇರ ರೆಕಾರ್ಡರಿನ ಮೈಕ್ ಇನ್‌ಪುಟ್ಟಿಗೆ ಸಿಕ್ಕಿಸುವುದು ಎಲ್ಲರೂ ಮಾಡುವ ತಪ್ಪು. ಬಿಲ್ಲೆ ಒಂದು ಕೆಪಾಸಿಟರ್, ಸುಮಾರು 20 ನ್ಯಾನೊಫ್ಯಾರಡ್. ಮೈಕ್ ಇನ್‌ಪುಟ್ಟಿನ ಪ್ರತಿರೋಧ 2.5 ಕಿಲೋಓಮ್ ಇದ್ದರೆ ಇವೆರಡೂ ಸೇರಿ ಸುಮಾರು 3,200 ಹರ್ಟ್ಸ್‌ಗಿಂತ ಕೆಳಗಿನದನ್ನೆಲ್ಲ ಕತ್ತರಿಸುವ ಫಿಲ್ಟರ್ ಆಗುತ್ತದೆ. ಪಿಯೆಜೊ ಅಂದರೆ ತಗಡಿನ ಸದ್ದು ಎಂಬ ಅಪಖ್ಯಾತಿ ಬಂದದ್ದು ಹೀಗೆ, ತಪ್ಪು ಬಿಲ್ಲೆಯದ್ದಲ್ಲ. 1 ಮೆಗಾಓಮ್ ಇನ್‌ಪುಟ್ಟಿಗೆ ಕೊಟ್ಟರೆ ಅದೇ ಗಡಿ 8 ಹರ್ಟ್ಸ್‌ಗೆ ಇಳಿಯುತ್ತದೆ. ಅದಕ್ಕೆ ಬಿಲ್ಲೆಗೂ ರೆಕಾರ್ಡರಿಗೂ ನಡುವೆ ಬಫರ್ ಎಂಬ ಪುಟ್ಟ ಸರ್ಕೀಟು ಸಾಕು: 9 ವೋಲ್ಟ್ ಬ್ಯಾಟರಿ, ಜೆ113 ಥರದ ಎನ್-ಚಾನೆಲ್ ಜೆಫೆಟ್ (ಒಂದು ಬಗೆಯ ಟ್ರಾನ್ಸಿಸ್ಟರ್) ಒಂದು. ಎರಡು 100 ಕಿಲೋಓಮ್ ರೆಸಿಸ್ಟರಿನಿಂದ ನಾಲ್ಕೂವರೆ ವೋಲ್ಟ್ ಮಾಡಿಕೊಂಡು, ಅಲ್ಲಿಂದ 10 ಮೆಗಾಓಮ್ ಮೂಲಕ ಗೇಟಿಗೆ (ಬಿಲ್ಲೆಯ ತಂತಿಯೂ ಅಲ್ಲಿಗೇ), ಡ್ರೇನು ಬ್ಯಾಟರಿಗೆ, ಸೋರ್ಸಿನಿಂದ ಗ್ರೌಂಡಿಗೆ 10 ಕಿಲೋಓಮ್, ಸೋರ್ಸಿನಿಂದಲೇ 10 ಮೈಕ್ರೊಫ್ಯಾರಡ್ ದಾಟಿಸಿ ಹೊರಕ್ಕೆ. ತಗಡಿನ ಡಬ್ಬಿಯಲ್ಲಿಟ್ಟು ಡಬ್ಬಿಯನ್ನು ಗ್ರೌಂಡಿಗೆ ಸೇರಿಸದಿದ್ದರೆ ಹಮ್ (ಗುಂಯ್ ಎನ್ನುವ ಸದ್ದು) ಬರುತ್ತದೆ, ಗೇಟಿನ ಪ್ರತಿರೋಧ ಅಷ್ಟು ಹೆಚ್ಚಿರುವಾಗ ಅದು ಆಂಟೆನಾ ಇದ್ದಂತೆ.

ಒಂದು ಮಾತು: ಈ ಬಿಲ್ಲೆಯನ್ನು ಕಲ್ಲುಶಿಲುಬೆಗೆ ಅಂಟಿಸಲು ಹೋಗಬೇಡಿ. ಗ್ರಾನೈಟ್ ಅಷ್ಟು ದಪ್ಪ, ಅಷ್ಟು ಗಟ್ಟಿ. ಕೇಳಲು ಸಿಗುವುದು ಏನೂ ಇಲ್ಲ. ಅಂಟು ಮಾತ್ರ ಹಳೆಯ ಕಲ್ಲಿನ ಮೇಲೆ ಉಳಿಯುತ್ತದೆ. ಹೊಲದ ತಂತಿಬೇಲಿ ಸಾವಿರ ಪಾಲು ಮೇಲು.

ಮೂರನೆಯದು ಜೀವಂತ ಸದ್ದು. ಬೇಸಿಗೆಯ ಸಂಜೆ ಕಲ್ಲುಗೋಡೆಯ ಸಂದಿಗಳಿಂದ ಬರುವ ಶುದ್ಧ, ಒಂಟಿ, ಗಾಜಿನಂಥ 'ಟೂ... ಟೂ...' ಸೂಲಗಿತ್ತಿ ಕಪ್ಪೆಯದು. ಗಂಡು ಮೊಟ್ಟೆಯ ಸರವನ್ನು ಹಿಂಗಾಲಿಗೆ ಸುತ್ತಿಕೊಂಡು ತಿರುಗುವುದರಿಂದ ಆ ಹೆಸರು. ಯುರೋಪಿನ ಚಿಟ್ಟುಗೂಬೆಯ ಕೂಗೂ ಹೆಚ್ಚುಕಡಿಮೆ ಅದೇ ಎತ್ತರದಲ್ಲಿದ್ದು, ಪಳಗಿದ ಕಿವಿಗಳೂ ಮೋಸಹೋಗುತ್ತವೆ. ಮರದಿಂದ ಬರುತ್ತಿದೆಯೋ ಗೋಡೆಯಿಂದಲೋ ಎಂಬ ಈ ಗೊಂದಲ ಕೃತಿಗೆ ಸಿಕ್ಕ ವರ. ಹಲವು ಕಪ್ಪೆಗಳು ಒಂದೊಂದು ಸ್ವರದಲ್ಲಿ ಸರದಿಯಂತೆ ಕೂಗುವಾಗ ಅದರ ಮೇಲೆ ಏನನ್ನೂ ಹೇರಬೇಡಿ. ಗೂಬೆಯನ್ನಾಗಲಿ ನತ್ತಿಂಗ ಹಕ್ಕಿಯನ್ನಾಗಲಿ ಕರೆಸಲು ರೆಕಾರ್ಡ್ ಮಾಡಿದ ಕೂಗನ್ನು ಕಾಡಿನಲ್ಲಿ ಬಿಡುವುದಂತೂ ಬೇಡವೇ ಬೇಡ. ಮರಿ ಮಾಡುವ ಕಾಲದಲ್ಲಿ ಅದು ಹಕ್ಕಿಗೆ ಎದುರಾಳಿ ಬಂದಂತೆ, ಗೂಡು ಬಿಟ್ಟು ಜಗಳಕ್ಕೆ ಬರುತ್ತದೆ.

ಶಾಂತ ಹಳ್ಳಿಯ ಇರುಳಿನ ಮಟ್ಟ 20ರಿಂದ 25 ಡೆಸಿಬೆಲ್. ಮೈಕಿನ ಸ್ವಂತ ಗದ್ದಲ ಅದಕ್ಕಿಂತ ಚೆನ್ನಾಗಿ ಕೆಳಗಿರಬೇಕು. ಪ್ರೀಮೊ ಇಎಂ272 ಎಂಬ ಪುಟ್ಟ ಮೈಕ್ ಕ್ಯಾಪ್ಸೂಲಿನದು 14 ಡೆಸಿಬೆಲ್ ಆದ್ದರಿಂದ ಅಗ್ಗದಲ್ಲಿ ಅದೇ ಸರಿ. ರೆಕಾರ್ಡರಿನಲ್ಲಿ 32 ಬಿಟ್ ಫ್ಲೋಟ್ ಎಂಬ ಸೌಲಭ್ಯ ಇದೆಯಲ್ಲ ಎಂದು ಸುಮ್ಮನಾಗಬೇಡಿ. ಅದು ಜೋರಿನ ಸದ್ದು ಒಡೆಯದಂತೆ ಕಾಯುತ್ತದೆ, ಮೈಕಿನ ಗದ್ದಲವನ್ನು ಕಡಿಮೆ ಮಾಡುವುದಿಲ್ಲ. ಎರಡು ಕ್ಯಾಪ್ಸೂಲನ್ನು ಓಕ್ ಮರದ ಕಾಂಡದ ಎಡಬಲಕ್ಕೆ ಕಟ್ಟಿದರೆ ಎರಡು ಕಿವಿಗಳ ನಡುವಿನ ತಲೆಯ ಕೆಲಸವನ್ನು ಕಾಂಡವೇ ಮಾಡುತ್ತದೆ. ಎವುಮೆ ನದಿಯ ಕಾಡಿನಂಥ ಕಡೆ ಮಳೆ ನಿಂತ ಮೇಲೂ ಬಹಳ ಹೊತ್ತು ಎಲೆಯಿಂದ ಹನಿ ಬೀಳುತ್ತಿರುತ್ತದೆ. ಹನಿ ಗಾಳಿತಡೆಗೆ ಬಡಿದರೆ ಟಪ್ ಅನ್ನುವ ಸದ್ದು ರೆಕಾರ್ಡಿಂಗ್ ಪೂರ್ತಿ ಕೆಡಿಸುತ್ತದೆ. ಮೈಕಿಗೆ ಒಂದು ಅಡಿ ಮೇಲೆ ತೆಂಗಿನ ನಾರಿನ ಚಾಪೆಯ ತುಂಡನ್ನು ಓರೆಯಾಗಿ ಕಟ್ಟಿ, ಹನಿ ಸದ್ದಿಲ್ಲದೆ ಇಂಗುತ್ತದೆ. ಬೆಚ್ಚನೆಯ ಕಾರಿನಿಂದ ತೆಗೆದ ಮೈಕನ್ನು ಕೂಡಲೇ ಹೊರಗಿಟ್ಟರೆ ತೊಂದರೆ ಕಡಿಮೆ. ತಣ್ಣಗಿರುವ ಮೈಕನ್ನು ಬೆಚ್ಚಗಿನ ಒದ್ದೆ ಜಾಗಕ್ಕೆ ತಂದಾಗಲೇ ಅದರ ಮೇಲೆ ನೀರು ಕಟ್ಟಿ ಚಿಟಿಚಿಟಿ ಶುರುವಾಗುವುದು. ಆದ್ದರಿಂದ ಬೆಳಗಿನ ಜಾವ ಒಳಗೆ ತರುವ ಮೊದಲೇ ಸಿಲಿಕಾ ಜೆಲ್ ಇರುವ ಡಬ್ಬಿಯಲ್ಲಿ ಮುಚ್ಚಿ, ಡಬ್ಬಿ ಕೋಣೆಯ ಬಿಸುಪಿಗೆ ಬಂದ ಮೇಲೆ ತೆರೆಯಿರಿ.

ಸಾವಿನ ಕರಾವಳಿ ಎಂದೇ ಹೆಸರಾದ ಕೋಸ್ತಾ ದಾ ಮೋರ್ತೆಯ ಸಮುದ್ರಗುಹೆಗಳೂ ಮನಸ್ಸು ಸೆಳೆಯುತ್ತವೆ. ಅಲ್ಲಿ ದೊಡ್ಡ ಅಮಾವಾಸ್ಯೆ ಹುಣ್ಣಿಮೆಯ ಭರತ ಇಳಿತದ ಅಂತರ 4 ಮೀಟರ್ ಮುಟ್ಟುತ್ತದೆ. ರಾತ್ರಿ ಗುಹೆಯೊಳಗೆ ಹೋಗಬೇಡಿ. ಹಗಲು ಇಳಿತದಲ್ಲಿ ರೆಕಾರ್ಡರ್ ಇಟ್ಟು ಬರುವುದೂ ಬೇಡ, ಮೇಲಿನ ಬಂಡೆಯಿಂದ ಕೇಳಿದ್ದು ಸಾಕು. ಫಿಸ್ತೆರ್ರಾ ದೀಪಸ್ತಂಭದಲ್ಲಿ ಮಂಜು ಕವಿದಾಗ ಊದುತ್ತಿದ್ದ ಸೈರನ್ನಿಗೆ ಜನ ಇಟ್ಟ ಹೆಸರು 'ಹಸು'. ಇಂಥ ಹೆಸರುಗಳನ್ನು ಕೇಳಿ ಬರೆದುಕೊಳ್ಳುವುದೂ ರೆಕಾರ್ಡಿಂಗಿನಷ್ಟೇ ಮುಖ್ಯ. ಗಲೀಷಿಯಾದ ಶಬ್ದಗಳ ನಕ್ಷೆ ಮಾಡಲು 2006ರಲ್ಲಿ ಶುರುವಾದ ಎಸ್ಕೊಯ್ತಾರ್ ಬಳಗ ಮಾಡಿದ್ದು ಅದನ್ನೇ: ಸದ್ದನ್ನು ಜಾಗದ ಜೊತೆಗೆ ಕಟ್ಟಿಹಾಕಿತು. ಅವರ ನೋಟೂರ್ಸ್ ಎಂಬ ಯೋಜನೆಯಲ್ಲಿ ಕೇಳುಗ ನಡೆದಂತೆ, ಜಿಪಿಎಸ್ ನೋಡಿಕೊಂಡು ಸದ್ದು ಬದಲಾಗುತ್ತಿತ್ತು. ಕೇಳುಗ ನಡೆಯಬೇಕು ಎಂಬ ಆ ಯೋಚನೆಯನ್ನು ತಿರುವಿಹಾಕಿದರೆ ಸಾಂತಾ ಕೊಂಪಾನ್ಯಾ ಸಿಗುತ್ತದೆ: ಕೇಳುಗ ವೃತ್ತದೊಳಗೆ ಕೂರಲಿ, ಸದ್ದು ನಡೆದು ಹೋಗಲಿ.

ಆ ಕೃತಿಯ ರಚನೆ ಹೀಗೆ. ಸುಮಾರು 200 ಮೀಟರ್ ಉದ್ದದ ಓಣಿದಾರಿ. ಎಂಟು ಜನ, ನಾಲ್ಕು ನಾಲ್ಕರ ಎರಡು ಸಾಲು, ಸಾಲಿನಲ್ಲಿ ಒಬ್ಬರಿಗೂ ಹಿಂದಿನವರಿಗೂ ನಡುವೆ ಮೂರು ಮೀಟರ್ ಅಂತರ, ಎಲ್ಲರ ಎದೆಯ ಹತ್ತಿರ 3 ಇಂಚಿನ ಒಂದೊಂದು ಸ್ಪೀಕರ್. ಬಲಸಾಲಿನದು 440 ಹರ್ಟ್ಸ್, ಎಡಸಾಲಿನದು 330, ಎರಡೂ ಏಕಸಮನಾದ ನಾದ, ಜೊತೆಗೆ ಎರಡನೆಯ ಹಾರ್ಮೋನಿಕ್, ಅಂದರೆ ಅದರ ಇಮ್ಮಡಿ ಹರ್ಟ್ಸ್‌ನ ನಾದ, 18 ಡೆಸಿಬೆಲ್ ಕೆಳಗೆ. ಗಲೀಷಿಯಾದ ಗಾಯ್ತಾ ಬ್ಯಾಗ್‌ಪೈಪಿನ ರೊಂಕೊ, ಅಂದರೆ ಮೂಲಸ್ವರಕ್ಕಿಂತ ಎರಡು ಸ್ಥಾಯಿ ಕೆಳಗಿನ ಶ್ರುತಿಕೊಳವೆಯ ನಾದ ಬಳಸುವ ಆಸೆ ಸಹಜ. ಆದರೆ ಇಷ್ಟು ಚಿಕ್ಕ ಸ್ಪೀಕರಿನಲ್ಲಿ ಅದರ ಕೆಳನಾದ ಹೊರಡುವುದಿಲ್ಲ, ಮೇಲಿನ ಹಾರ್ಮೋನಿಕ್‌ಗಳಷ್ಟೇ ಕೇಳುತ್ತವೆ.

ಕೇಳುಗರ ಬಳಿ, ಎರಡು ಮೀಟರ್ ದೂರದಲ್ಲಿ, ಕದಲದ ಇನ್ನೊಂದು ಸ್ಪೀಕರ್ ಅದೇ 440 ಮತ್ತು 330 ನುಡಿಸುತ್ತಿರಲಿ. ಕೃತಿಯ ಗುಟ್ಟು ಇದರಲ್ಲಿದೆ. ಸೆಕೆಂಡಿಗೆ ಒಂದು ಮೀಟರ್ ನಡೆಯುತ್ತಾ ಹತ್ತಿರ ಬರುವ ಸ್ಪೀಕರಿನ 440, ಡಾಪ್ಲರ್ ಪರಿಣಾಮದಿಂದ ಸುಮಾರು 1.3 ಹರ್ಟ್ಸ್ ಮೇಲೇರಿ ಕೇಳುತ್ತದೆ. ನಿಂತ ನಾದದೊಡನೆ ಅದು ಸೇರಿದಾಗ ಸೆಕೆಂಡಿಗೆ 1.3 ಬಾರಿ ಜೋರಾಗಿ ಮೆಲ್ಲಗಾಗಿ ಮಿಡಿಯುತ್ತದೆ, ಹೆಚ್ಚುಕಡಿಮೆ ಸುಮ್ಮನೆ ಕೂತವರ ಎದೆಬಡಿತದ ವೇಗ. ಎಡಸಾಲಿನದು ಸುಮಾರು ಒಂದು ಬಾರಿ. ಯಾವ ಎಫೆಕ್ಟೂ ಇಲ್ಲ, ನಡಿಗೆಯೇ ಮಿಡಿತ. ಹತ್ತಿರ ಬಂದಂತೆ, ಕೊನೆಯ ನಾಲ್ಕೈದು ಹೆಜ್ಜೆಗಳಲ್ಲಿ ಮಿಡಿತ ನಿಧಾನವಾಗುತ್ತದೆ. ಸರಿಯಾಗಿ ಮಗ್ಗುಲಿಗೆ ಬಂದ ಕ್ಷಣ ನಿಂತೇ ಹೋಗುತ್ತದೆ. ದಾಟಿದ ಮೇಲೆ ಮತ್ತೆ ಶುರು. ಎಂಟು ಜನ ದಾಟುವಾಗ ಎಂಟು ಸಲ ಹೀಗೆ. ಒಬ್ಬರ ಹೆಜ್ಜೆ ಇನ್ನೊಬ್ಬರದಕ್ಕಿಂತ ಕೊಂಚ ಬಿರುಸಾದರೂ ಅವರವರೊಳಗೇ ಇನ್ನೂ ನಿಧಾನದ ಏರಿಳಿತ ಹುಟ್ಟುತ್ತದೆ. ಅದಕ್ಕೇ ನಡೆಯುವವರಿಗೆ ಹೆಜ್ಜೆ ಕೂಡಿಸಲು ಹೇಳಬಾರದು.

ಮಟ್ಟ ಸರಿಯಿಲ್ಲದಿದ್ದರೆ ಇದೆಲ್ಲ ಕೇಳಿಸದು. ಮಿಡಿತ ಆಳವಾಗುವುದು ಎರಡೂ ನಾದ ಸಮಬಲದಲ್ಲಿದ್ದಾಗ. ನಡೆಯುವ ಒಂದೊಂದು ಸ್ಪೀಕರು ಒಂದು ಮೀಟರಿನಲ್ಲಿ 50 ಡೆಸಿಬೆಲ್ ಇರಲಿ. ದೂರ ಇಮ್ಮಡಿಯಾದಾಗಲೆಲ್ಲ 6 ಡೆಸಿಬೆಲ್ ಇಳಿದು, 10 ಮೀಟರಿನಲ್ಲಿ ಅದು 30. ನಿಂತ ಸ್ಪೀಕರಿನ ಎರಡು ನಾದಗಳೂ ಕೇಳುಗರ ಕಿವಿಯ ಬಳಿ ತಲಾ 30 ಆಗುವಂತೆ ಹೊಂದಿಸಿ. ಎಂಟೂ ಸೇರಿ ಮೆರವಣಿಗೆ 50, 60 ಮೀಟರ್ ದೂರದಲ್ಲಿದ್ದಾಗ ಇರುಳಿನ ಗದ್ದಲದಿಂದ ಮೆಲ್ಲಗೆ ಬೇರೆಯಾಗುತ್ತದೆ, ಅದಕ್ಕಿಂತ ಮುಂಚೆ ಕೇಳಿಸಬಾರದು. ಜೋರು ಮಾಡಿ ಎನ್ನುವವರು ಖಂಡಿತ ಇರುತ್ತಾರೆ. ಮಾಡಬೇಡಿ.

ಇಷ್ಟು ಮೆಲ್ಲಗಿನ ಸದ್ದಿಗೆ ಬ್ಲೂಟೂತ್ ಸ್ಪೀಕರ್ ಆಗುವುದಿಲ್ಲ. ಸಿಗ್ನಲ್ ತೀರ ಸಣ್ಣದಾದರೆ ಹಲವು ಮಾದರಿಗಳು ಸದ್ದಿಲ್ಲ ಎಂದು ತಿಳಿದು ನಡುದಾರಿಯಲ್ಲಿ ತಾವೇ ಆರಿಹೋಗುತ್ತವೆ. ಡಿಎಫ್‌ಪ್ಲೇಯರ್ ಮಿನಿ ಎಂಬ ಪುಟ್ಟ ಬೋರ್ಡು ಸಾಕು. ಮೈಕ್ರೊಎಸ್‌ಡಿ ಕಾರ್ಡಿನಿಂದ ವೇವ್ ಫೈಲ್ ನುಡಿಸುತ್ತದೆ, ಆಂಪ್ಲಿಫೈಯರ್ ಅದರಲ್ಲೇ ಇದೆ. ವಿದ್ಯುತ್ತಿಗೆ ಮೂರು ಎಎ ಆಲ್ಕಲೈನ್ ಸೆಲ್ಲು, 4.5 ವೋಲ್ಟ್. ಪವರ್ ಬ್ಯಾಂಕ್ ಬೇಡ, ಎಳೆಯುವ ಕರೆಂಟು ಕಡಿಮೆಯೆಂದು ಅದೂ ಕೈಕೊಡುತ್ತದೆ. ಬೋರ್ಡಿನ 'ಸ್ಸ್' ಗದ್ದಲ ಇರುಳಿನಲ್ಲಿ ಎದ್ದು ಕೇಳುತ್ತದೆ. ವಾಲ್ಯೂಮ್ ಇಳಿಸಿದರೆ ನಾದ ಇಳಿಯುತ್ತದೆಯೇ ಹೊರತು ಗದ್ದಲ ಅಲ್ಲೇ ಇರುತ್ತದೆ. ಬದಲಿಗೆ ವಾಲ್ಯೂಮ್ ಮೇಲಿಟ್ಟು, 8 ಓಮ್ ಸ್ಪೀಕರಿನ ತಂತಿಗೆ ಸರಣಿಯಲ್ಲಿ 33 ಓಮ್ ರೆಸಿಸ್ಟರ್ ಹಾಕಿ. ನಾದ, ಗದ್ದಲ ಎರಡೂ ಒಟ್ಟಿಗೆ 14 ಡೆಸಿಬೆಲ್ ಕೆಳಗಿಳಿಯುತ್ತವೆ. ಫೈಲನ್ನು ಲೂಪ್ ಮಾಡಬೇಡಿ, ಸುತ್ತು ಬದಲಾಗುವಾಗ ಚಿಕ್ಕ ಬಿರುಕು ಕೇಳುತ್ತದೆ. 40 ನಿಮಿಷದ ಒಂದೇ ಫೈಲ್ ಮಾಡಿ.

ಮುಂದಾಳಿಗೆ ಸ್ಪೀಕರ್ ಇಲ್ಲ. ಅಂಗೈಯಲ್ಲಿ ಹಿಡಿಯುವಷ್ಟು ಚಿಕ್ಕ ನಿಜವಾದ ಗಂಟೆ, ಇಡೀ ದಾರಿಗೆ ನಾಲ್ಕೈದು ಸಲ ಮಾತ್ರ. ಗಾಡಿಯ ಕಿರುಚು, ಗಿರಣಿಯ ಟಕಟಕ ಇವು ಮೆರವಣಿಗೆಯ ಜೊತೆ ಬರಬಾರದು; ಓಣಿಯಿಂದ 80, 100 ಮೀಟರ್ ಆಚೆ, ಗೋಡೆಯ ಹಿಂದೆ ಬೇರೆ ಸ್ಪೀಕರಿನಲ್ಲಿ, ಊರು ಇನ್ನೂ ಎಚ್ಚರವಾಗಿದೆ ಎಂಬಂತೆ ಸಂಜೆಯಿಂದಲೇ ಕೇಳುತ್ತಿದ್ದು, ಮುಂದಾಳಿನ ಗಂಟೆ ಕೇಳುವ ಮೊದಲೇ ನಿಂತುಹೋಗಲಿ. ಬೇಸಿಗೆಯಲ್ಲಿ ಕಾಡ್ಗಿಚ್ಚಿನ ನಾಡು ಅದು, ಹಾಗಾಗಿ ಬತ್ತಿ ಹಚ್ಚುವಂತಿಲ್ಲ. ಮೇಣದ ವಾಸನೆಗೆ ಒಂದು ಹಿಡಿ ಜೇನುಮೇಣವನ್ನು ಬ್ಯಾಟರಿಯ ಬಿಸಿತಟ್ಟೆಯಲ್ಲಿ 65 ಡಿಗ್ರಿಗೆ ಕರಗಿಸಿ, ಗಾಳಿ ಬರುವ ದಿಕ್ಕಿನಲ್ಲಿಟ್ಟರೆ ಸಾಕು. ನಾದಕ್ಕಿಂತ ಎರಡು ನಿಮಿಷ ಮೊದಲು ಮುಚ್ಚಳ ತೆಗೆಯಿರಿ.

ಕೇಳುಗರು 20 ನಿಮಿಷ ಮೊದಲೇ ಬಂದು ಫೋನ್ ಆರಿಸಿ ಕೂರಬೇಕು. ಕಣ್ಣು ಕತ್ತಲಿಗೆ ಹೊಂದಿಕೊಳ್ಳಲು ಅಷ್ಟು ಹೊತ್ತು ಬೇಕೇ ಬೇಕು, ಒಂದೇ ಒಂದು ಫೋನಿನ ಬೆಳಕು ಅದನ್ನು ಮೊದಲಿನಿಂದ ಶುರುಮಾಡಿಸುತ್ತದೆ. ಸಹಾಯಕರಿಗೆ ಮಂದ ಕೆಂಪು ದೀಪ ಕೊಡಿ. ಸಾಲು ದಾಟಿಹೋದ ಮೇಲೆ ನಿಂತ ಸ್ಪೀಕರಿನ ನಾದವನ್ನು ತಟ್ಟನೆ ಕಡಿಯಬೇಡಿ. 20 ಸೆಕೆಂಡಿಗೆ ಒಂದು ಡೆಸಿಬೆಲ್‌ನಂತೆ ಇಳಿಸುತ್ತಾ ಬನ್ನಿ. ಅಷ್ಟೊಂದು ಕಾಲುಗಳು ಹಾದುಹೋದದ್ದರಿಂದ ಗೋಡೆಯ ಕಪ್ಪೆಗಳು ಸುಮ್ಮನಾಗಿರುತ್ತವೆ. ನಾದ ಅಡಗುತ್ತಿರುವಾಗ ಎಲ್ಲೋ ಒಂದು ಕಲ್ಲಿನ ಸಂದಿಯಲ್ಲಿ ಮೊದಲ 'ಟೂ' ಕೇಳುತ್ತದೆ, ಸ್ವಲ್ಪ ಹೊತ್ತಿಗೆ ಆಚೆ ಬದಿಯಿಂದ ಇನ್ನೊಂದು. ಆಗ ಸ್ಪೀಕರಿನ ತಂತಿ ಕಿತ್ತುಬಿಡಿ, ಯಾರನ್ನೂ ಎಬ್ಬಿಸಬೇಡಿ.